ಬಿರುದೆಂಬ ಭಾರ

ಹರಪನಹಳ್ಳಿ ಸೀಮೆಯ ಉಚ್ಚಂಗಿದುರ್ಗವನ್ನು ವಾಚಕರಲ್ಲಿ ಅನೇಕರು ಕಂಡಿರಬಹುದು. ಹತ್ತನೆಯ ಶತಮಾನದಲ್ಲಿ ಗಂಗರ ಮಂತ್ರಿಯೂ ಸೇನಾನಿಯೂ ಆಗಿದ್ದ ಚಾವುಂಡರಾಯನು ಆ ಕೋಟೆಯ ಕಾಳಗದಲ್ಲಿ ತೋರಿದ ಪರಾಕ್ರಮಕ್ಕಾಗಿ ‘ರಣರಂಗಸಿಂಗ’ನೆನಿಸಿಕೊಂಡನು. ನೊಳಂಬರನ್ನು ಮುರಿದ ಅವನ ಒಡೆಯ ಮಾರಸಿಂಹನಿಗೆ ‘ನೊಳಂಬಕುಲಾಂತಕ’ನೆಂಬ ಬಿರುದು. ಕಿವಿಗೆ ಬಿದ್ದರೇ ಎದೆ ನಡುಗಿಸುವ ಹೆಸರುಗಳಿವು.

ಇಂಥ ಹೆಸರುಗಳ ಮೋಹವು ಇಂದಿಗೂ ಅಳಿದಿಲ್ಲ. ನಮ್ಮ ಚಲಚ್ಚಿತ್ರರಂಗದಲ್ಲಿ ಪ್ರಭಾಕರರು ‘ಟೈಗರ್’ ಆದರು; ಅಂಬರೀಷರು ‘ರೆಬೆಲ್ ಸ್ಟಾರ್’ ಆದರು. ಕ್ರಿಕೆಟ್ಟಿನಲ್ಲಿ ರಾಹುಲ್ ದ್ರಾವಿಡರನ್ನು ಜನರು ‘ಗೋಡೆ’ ಎಂದರು. 1996ರಿಂದ 2012ರವರೆಗೆ ಟೆಸ್ಟ್ ಪಂದ್ಯಗಳಲ್ಲಿ 31,258 ಚೆಂಡುಗಳನ್ನು ಎದುರಿಸಿದವರಿಗೆ ಅದು ಸಲ್ಲುವ ಹೆಸರೇ. ಗೋಡೆಯು ಕಠಿನವಾದರೂ ಯಾರನ್ನೂ ಹೆದರಿಸದು, ಒಳಗಿದ್ದವರನ್ನು ಕಾಯುವುದು.

ನಾವು ಪಾಠಶಾಲೆಯಲ್ಲಿದ್ದಾಗ ಮಕ್ಕಳು ನಮಗೂ ಗುಟ್ಟಾಗಿ ಒಂದು ಬಿರುದನ್ನಿತ್ತಿದ್ದರು: ‘ದೂರ್ವಾಸ’. ಕೇಳಿ ಒಳಗೊಳಗೇ ಹಿಗ್ಗಿದೆವು. ಯಾರಿಂದ ಭಯವುಂಟಾಗುವುದೋ ಅವನೇ ‘ಭೀಮ’ನೆಂದು ವ್ಯುತ್ಪತ್ತಿ ಹೇಳುವಾಗ ನಮ್ಮ ದನಿಯೂ ಏರುತ್ತಿತ್ತು. ನಿವೃತ್ತರಾದ ಮೇಲೆ ಕೊಟ್ಟೂರಿನ ತೇರಿನಲ್ಲಿ ಹಳೆಯ ಶಿಷ್ಯನೊಬ್ಬನು ಕಾಲಿಗೆರಗಿ, “ಗುರುಗಳೇ, ಆ ವಿಭಕ್ತಿಗಳು ನನಗೆ ಕೊನೆಗೂ ತಿಳಿಯಲಿಲ್ಲ, ತಮ್ಮನ್ನು ಕೇಳಲು ಅಂಜಿಕೆಯಾಗುತ್ತಿತ್ತು” ಎಂದು ನಕ್ಕನು. ನಮಗೆ ನಗು ಬರಲಿಲ್ಲ.

ಚಾವುಂಡರಾಯನಿಗೆ ‘ಸತ್ಯಯುಧಿಷ್ಠಿರ’ನೆಂಬ ಇನ್ನೊಂದು ಬಿರುದೂ ಉಂಟು. ಮೊದಲನೆಯದು ಹಗೆಗಳ ಇದಿರಿನಲ್ಲಿ ಒಪ್ಪುವುದು. ಎರಡನೆಯದು ತನ್ನವರ ನಡುವೆ. ನಾವೋ, ಮಕ್ಕಳ ಮುಂದೆ ಮೊದಲನೆಯದನ್ನೇ ಧರಿಸಿ ನಿಂತಿದ್ದೆವು.