ನಮ್ಮೂರ ಕಲ್ಲಿನ ಮೇಲಿನ ಸ್ವರ್ಗ

ಎಂಟನೇ ತರಗತಿಯವರಿಗೆ ಖಂಡಗಳನ್ನು ಗುರುತಿಸುವ ಪಾಠ ನಡೀತಿತ್ತು. ಗೋಡೆಯ ನಕ್ಷೆಯಲ್ಲಿ ಏಳು ಖಂಡ ತೋರಿಸಿ ಮುಗಿಸಿದ್ದೆ. ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದು, "ಸಾರ್, ಸಾವೇ ಇಲ್ಲದೋರ ದೇಶಕ್ಕೆ ಹಡಗು ಹೋಗುತ್ತಲ್ಲ, ಅದು ಯಾವ ಖಂಡದಲ್ಲಿ ಬರುತ್ತೆ?" ಅಂದ. ವಿಚಾರಿಸಿದರೆ, ಅಣ್ಣನ ಫೋನಿನಲ್ಲಿ ‘ಲಾರ್ಡ್ ಆಫ್ ದಿ ರಿಂಗ್ಸ್’ ಸಿನಿಮಾದ ಮೂರನೇ ಭಾಗ ನೋಡಿದ್ದಾನೆ. 2003ರಲ್ಲಿ ಬಂದದ್ದು, ಅವನು ಹುಟ್ಟುವ ಎಷ್ಟೋ ಮೊದಲು! ಕೊನೆಯಲ್ಲಿ ಒಂದು ಬಿಳಿ ಹಡಗು ಪಡುವಣಕ್ಕೆ ಹೊರಡುತ್ತದೆ. ಎಲ್ಲಿಗೆ ಅಂತ ಸಿನಿಮಾದಲ್ಲಿ ಸರಿಯಾಗಿ ಹೇಳುವುದಿಲ್ಲ.

ಕ್ಲಾಸು ನಕ್ಕಿತು. ನನಗೇನೋ ಪ್ರಶ್ನೆ ಚೆನ್ನಾಗಿದೆ ಅನ್ನಿಸಿತು. ಊರು ಅಂದಮೇಲೆ ದಿಕ್ಕು ಬೇಕು, ದಾರಿ ಬೇಕು, ಎಲ್ಲೆ ಬೇಕು. ಭೂಗೋಳದ ಪಾಠ ಅಂದರೆ ಇಷ್ಟೇ ತಾನೆ?

ಆ ಕತೆ ಬರೆದ ಟೋಲ್ಕಿನ್ (ಹುಟ್ಟಿದ್ದು 1892, ತೀರಿಕೊಂಡದ್ದು 1973) ಆಕ್ಸ್‌ಫರ್ಡಿನಲ್ಲಿ ಹಳೆಯ ಇಂಗ್ಲಿಷ್ ಪಾಠ ಮಾಡುತ್ತಿದ್ದ ಮೇಷ್ಟ್ರು. ಆ ಹಡಗು ಹೋಗುವ ದೇಶದ ಪೂರ್ತಿ ವಿವರ ಇರುವುದು ‘ಸಿಲ್ಮರಿಲಿಯನ್’ ಎಂಬ ಪುಸ್ತಕದಲ್ಲಿ. ಅದು ಅವರು ಹೋದಮೇಲೆ, 1977ರಲ್ಲಿ, ಮಗ ಅಚ್ಚು ಹಾಕಿಸಿದ್ದು. ಅದರ ಪ್ರಕಾರ ಪಶ್ಚಿಮದ ಮಹಾಸಾಗರದ ಆಚೆ ಅಮಾನ್ ಅನ್ನುವ ಖಂಡ, ಅದರೊಳಗೆ ವ್ಯಾಲಿನೋರ್ ಅನ್ನುವ ದೇವತೆಗಳ ನಾಡು. ಸಮುದ್ರದ ಕಡೆಗೆ ಕೋಟೆ ಗೋಡೆಯ ಹಾಗೆ ಬೆಟ್ಟದ ಸಾಲು. ಆ ಸಾಲಿನಲ್ಲಿ ಎಲ್ಲಕ್ಕಿಂತ ಎತ್ತರದ ಶಿಖರದ ಮೇಲೆ ದೇವತೆಗಳ ಅರಸನ ಪೀಠ. ಒಳಗಿನ ಬೆಳಕು ಹೊರಗೆ ಬೀಳುವುದಕ್ಕೆ ಬೆಟ್ಟದಲ್ಲಿ ಒಂದೇ ಕಣಿವೆ. ಒಮ್ಮೆ ಮನುಷ್ಯರ ರಾಜನೊಬ್ಬ, ಸಾಯದೇ ಇರಬೇಕೆಂಬ ಆಸೆಯಿಂದ, ದಂಡು ಕಟ್ಟಿಕೊಂಡು ಹಡಗುಗಳಲ್ಲಿ ಅಲ್ಲಿಗೆ ನುಗ್ಗಿದ. ಆಗ ಚಪ್ಪಟೆಯಾಗಿದ್ದ ಭೂಮಿಯನ್ನೇ ಗುಂಡಗೆ ಬಗ್ಗಿಸಿ, ಆ ನಾಡನ್ನು ಭೂಮಿಯಿಂದ ಹೊರಕ್ಕೆ ತೆಗೆದುಬಿಟ್ಟರಂತೆ. ಆಮೇಲೆ ಪಡುವಣಕ್ಕೆ ಎಷ್ಟು ದೂರ ಹೋದರೂ ಸುತ್ತಿ ಹೊರಟಲ್ಲಿಗೇ ಬರುತ್ತೀರಿ. "ಹಾಗಾದರೆ ನಕ್ಷೆಯಲ್ಲಿ ಇಲ್ಲ ಸಾರ್" ಅಂದ ಹುಡುಗ. ಹೌದಪ್ಪ, ಈಗ ಇಲ್ಲ.

ಅದರಲ್ಲಿ ನನಗೆ ಹಿಡಿಸಿದ ಮಾತು ಇನ್ನೊಂದು. ಆ ಮಣ್ಣಿನಿಂದ ಯಾರಿಗೂ ಚಿರಂಜೀವಿತನ ಬರುವುದಿಲ್ಲ. ಸಾವಿಲ್ಲದವರು ಇರುವುದರಿಂದ ಅದು ಸಾವಿಲ್ಲದ ನಾಡು, ಅಷ್ಟೆ. ಸಾಯುವ ಮನುಷ್ಯ ಅಲ್ಲಿಗೆ ಹೋದರೆ ದೀಪದ ಹುಳುವಿನ ಹಾಗೆ ಇನ್ನೂ ಬೇಗ ಬಸವಳಿಯುತ್ತಾನಂತೆ.

ನಮ್ಮ ಪುರಾಣದವರು ಈ ವಿಷಯದಲ್ಲಿ ಯಾರಿಗೂ ಕಮ್ಮಿ ಇಲ್ಲ ಬಿಡಿ. ನಡುವೆ ಜಂಬೂದ್ವೀಪ, ಅಡ್ಡಗಲ 1,00,000 ಯೋಜನ. ಅದರ ನಟ್ಟನಡುವೆ ಮೇರು, ನೆಲದ ಮೇಲೆ 84,000 ಯೋಜನ, ನೆಲದೊಳಗೆ 16,000. ಸುತ್ತಲೂ ಒಂದರ ಆಚೆ ಒಂದು ಏಳು ಸಮುದ್ರ: ಉಪ್ಪುನೀರು, ಕಬ್ಬಿನ ಹಾಲು, ಹೆಂಡ, ತುಪ್ಪ, ಮೊಸರು, ಹಾಲು, ಸಿಹಿನೀರು. (ಮಧ್ಯಾಹ್ನದ ಊಟಕ್ಕೆ ಮುಂಚಿನ ಪೀರಿಯಡ್ಡಿನಲ್ಲಿ ಇದನ್ನು ಹೇಳಬೇಡಿ!) ಜೈನರ ಲೆಕ್ಕ ಬೇರೆ. ಅವರಲ್ಲಿ ಲೋಕವೇ ಕಾಲು ಅಗಲಿಸಿ ನಿಂತ ಮನುಷ್ಯನ ಆಕಾರ. ಸ್ವರ್ಗಗಳೆಲ್ಲ ಸೊಂಟದಿಂದ ಮೇಲೆ, ನೆತ್ತಿಯಲ್ಲಿ ಸಿದ್ಧರ ನೆಲೆ. ಅಲ್ಲಿ ಸ್ವರ್ಗದ ದೇವತೆಗಳಿಗೂ ಆಯಸ್ಸು ಮುಗಿಯುತ್ತದೆ. ಪುರಾಣದಲ್ಲೂ ಅಷ್ಟೇ, ಪುಣ್ಯ ಖರ್ಚಾದರೆ ವಾಪಸ್ಸು ಬರಬೇಕು.

ಇದೆಲ್ಲ ಪುಸ್ತಕದ ಭೂಗೋಳ. ನಮ್ಮ ಹೊಸೂರು, ತಳಿ, ಕೆಲಮಂಗಲ, ದೇಂಕಣಿಕೋಟೆ ಕಡೆ ಕಲ್ಲಿನಲ್ಲೇ ಒಂದು ಇದೆ. ಅದನ್ನು ಮಕ್ಕಳಿಗೆ ತೋರಿಸಬೇಕು ಅಂತ ಮುಂದಿನ ಶನಿವಾರ ಕೆರೆ ಕಡೆ ಕರೆದುಕೊಂಡು ಹೋದೆ.

ವೀರಗಲ್ಲು ನೀವೂ ನೋಡಿರುತ್ತೀರಿ. ಕೆರೆ ಏರಿ ಮೇಲೆ, ಹುಣಸೆಮರದ ಕೆಳಗೆ, ಹೊಲದ ಬದುವಿನಲ್ಲಿ ಎದೆಯೆತ್ತರದ ಚಪ್ಪಡಿ. ಎಣ್ಣೆ ಬಿದ್ದು ಕಪ್ಪಾಗಿರುತ್ತದೆ, ಅರಿಶಿನ ಕುಂಕುಮ ಇರುತ್ತದೆ. ತಮಿಳಿನವರು ಇದಕ್ಕೆ ನಡುಕಲ್ ಅನ್ನುತ್ತಾರೆ. ಧರ್ಮಪುರಿ, ಕೃಷ್ಣಗಿರಿ ಸೀಮೆಯಲ್ಲಿ ಎಷ್ಟೋ ಕಡೆ ಇದೇ ವೇಡಿಯಪ್ಪನ್ ದೇವರಾಗಿ ಪೂಜೆ ತಗೊಳ್ಳುತ್ತದೆ. ಈ ಭಾಗದ ಹಳೆಯ ನಡುಕಲ್ಲುಗಳಲ್ಲಿ ಹೆಚ್ಚಾಗಿ ವೀರ ಒಬ್ಬನೇ, ಬಿಲ್ಲೋ ಕತ್ತಿಯೋ ಹಿಡಿದು ನಿಂತಿರುತ್ತಾನೆ. ಸ್ವರ್ಗದ ಚಿತ್ರ ಇರುವುದಿಲ್ಲ. ಕನ್ನಡದ ಕಡೆಯ ವೀರಗಲ್ಲುಗಳಲ್ಲಿ ಅಂತಸ್ತು ಕಟ್ಟಿ ಕೆತ್ತುವುದು ಜಾಸ್ತಿ. ನಮ್ಮದು ಎರಡೂ ಕೂಡುವ ಜಾಗ, ಎರಡು ಬಗೆಯವೂ ಸಿಗುತ್ತವೆ.

ನಾವು ನೋಡಿದ್ದು ಮೂರು ಅಂತಸ್ತಿನದು. ಅಕ್ಷರ ಸವೆದುಹೋಗಿದೆ. ಇದ್ದಿದ್ದರೂ ಆ ಕಾಲದ ಲಿಪಿ ನನಗಾಗಲಿ ಮಕ್ಕಳಿಗಾಗಲಿ ಓದಲು ಬರುವುದಿಲ್ಲ. ಚಿತ್ರ ಓದಲು ಏನು ಕಷ್ಟ? ಕೆಳಗಿನಿಂದ ಮೇಲಕ್ಕೆ ಓದಬೇಕು ಅಂತಷ್ಟೇ ಹೇಳಿದೆ, ಉಳಿದದ್ದನ್ನು ಮಕ್ಕಳೇ ಓದಿದರು. ಕೆಳಗೆ ದನಗಳು, ಒಂದರ ಬೆನ್ನ ಹಿಂದೆ ಇನ್ನೊಂದರ ಕೊಂಬು. ಕತ್ತಿ ಎತ್ತಿದ ನಮ್ಮವನು, ಎದುರಿಗೆ ಬಿಲ್ಲು ಹಿಡಿದವರು. ಇದು ತುರುಗೊಳ್, ಅಂದರೆ ಊರ ದನ ಹೊಡೆದುಕೊಂಡು ಹೋಗಲು ಬಂದವರ ಜೊತೆಗಿನ ಕಾದಾಟ. ನಡುವೆ ಅದೇ ಮನುಷ್ಯ, ಎರಡೂ ಪಕ್ಕ ಅಪ್ಸರೆಯರು ಅವನನ್ನು ತೋಳು ಹಿಡಿದು ಎತ್ತಿಕೊಂಡು ಹೋಗುತ್ತಿದ್ದಾರೆ. ಮೇಲೆ ಶಿವಲಿಂಗ, ಒಂದು ಕಡೆ ಪೂಜಾರಿ, ಇನ್ನೊಂದು ಕಡೆ ನಂದಿ, ಕೈಮುಗಿದು ಕೂತ ಅದೇ ಮನುಷ್ಯ. ತುದಿಯಲ್ಲಿ ಸೂರ್ಯ, ಚಂದ್ರ. ಅವು ಇರುವವರೆಗೂ ಇದು ಇರಲಿ ಅಂತ.

"ಸಾರ್, ಇಷ್ಟೇನಾ ದೂರ?" ಅಂತ ಒಬ್ಬ ಗೇಣು ಹಾಕಿ ಅಳೆದ. ದನದ ಕೊಂಬಿನಿಂದ ಲಿಂಗದ ಪೀಠಕ್ಕೆ ಮೂರು ಗೇಣು! ಮೇರುವಿನ ಎಂಬತ್ನಾಲ್ಕು ಸಾವಿರ ಯೋಜನ ಎಲ್ಲಿ, ಇದೆಲ್ಲಿ. ಮಹಾಸಾಗರ ಇಲ್ಲ, ಬೆಟ್ಟದ ಸಾಲು ಇಲ್ಲ, ಕಾವಲು ಇಲ್ಲ. ಊರಿನ ನೆತ್ತಿಯ ಮೇಲೇ ಕೈಲಾಸ. ಅಲ್ಲಿರುವ ಸಾಮಾನೂ ಊರಿನದೇ: ಲಿಂಗ, ಬಸವ, ಪೂಜಾರಿ. ಕಲ್ಪವೃಕ್ಷ, ಚಿನ್ನದ ಅರಮನೆ ಯಾವುದನ್ನೂ ಕಲ್ಲುಕುಟಿಗ ಕೆತ್ತಲಿಲ್ಲ. ಟೋಲ್ಕಿನ್ನರ ನಾಡಿಗೆ ದಂಡು ಕಟ್ಟಿಕೊಂಡು ಹೋದ ರಾಜನಿಗೆ ಸಿಗದ್ದು ಇಲ್ಲಿ ದನ ಕಾಯಲು ನಿಂತವನಿಗೆ ಸಿಕ್ಕಿದೆ. ಗೆದ್ದರೆ ಸಂಪತ್ತು, ಸತ್ತರೆ ದೇವಕನ್ಯೆಯರು ಅನ್ನುವ ಅರ್ಥದ ಸಂಸ್ಕೃತ ಶ್ಲೋಕವನ್ನು ಎಷ್ಟೋ ವೀರಗಲ್ಲುಗಳಲ್ಲಿ ಬರೆದಿದ್ದಾರೆ. ಅದು ರಾಜರು ದಂಡಿಗೆ ಜನ ಸೇರಿಸಲು ಹೇಳಿದ ಮಾತೂ ಇರಬಹುದು, ನನಗೆ ಆ ಅನುಮಾನ ಇದ್ದೇ ಇದೆ. ಆದರೆ ದನದ ಕಲ್ಲುಗಳ ವಿಷಯದಲ್ಲಿ ಸತ್ತವನು ಊರಿಗಾಗಿ ಸತ್ತ, ಕಲ್ಲು ನಿಲ್ಲಿಸಿದ್ದೂ ಊರೇ.

ಒಬ್ಬ ಹುಡುಗಿ ಕೇಳಿದಳು, "ಹೆಂಗಸರು ಹೋಗಬೇಕಾದರೆ ಸಾರ್?" ಹತ್ತಿರದಲ್ಲೇ ಒಂದು ಮಾಸ್ತಿಕಲ್ಲು ಇತ್ತು. ಕಂಬದಿಂದ ಚಾಚಿದ ಒಂದು ತೋಳು, ಮಡಚಿದ ಮೊಣಕೈ, ಬಳೆ. ಗಂಡನ ಜೊತೆ ಚಿತೆ ಏರಿದವಳ ಗುರುತು ಅಂತ ಹೇಳಿದೆ. ಅವಳು ಸ್ವಲ್ಪ ಹೊತ್ತು ಅದನ್ನೇ ನೋಡಿ, "ಅವಳಿಗೆ ದಾರಿ ಚೆನ್ನಾಗಿಲ್ಲ ಸಾರ್" ಅಂದಳು. ನಾನು ಅದಕ್ಕೆ ಏನೂ ಸೇರಿಸಲಿಲ್ಲ.

ಅಂದ ಹಾಗೆ, ಶಾಸನ ಇರುವ ಕಲ್ಲುಗಳಲ್ಲಿ ಒಂದು ಸ್ವಾರಸ್ಯ ನೋಡಿ. ಹೊಸೂರಿನಿಂದ ಬೆಂಗಳೂರಿಗೆ ಹೋಗುವಾಗ ಸ್ವಲ್ಪ ಒಳಗೆ ತಿರುಗಿದರೆ ಬೇಗೂರು. ‘ಬೆಂಗಳೂರು’ ಅನ್ನುವ ಹೆಸರು ಮೊದಲು ಸಿಗುವುದು ಅಲ್ಲಿನ ವೀರಗಲ್ಲಿನಲ್ಲೇ, ಸುಮಾರು ಕ್ರಿ.ಶ. 890ರದು. ಅದೇ ಊರಿನ ಇನ್ನೊಂದು ದೊಡ್ಡ ವೀರಗಲ್ಲು ಈಗ ಬೆಂಗಳೂರಿನ ಮ್ಯೂಸಿಯಮ್ಮಿನಲ್ಲಿದೆ. ನಾಗತ್ತರ ಯುದ್ಧದಲ್ಲಿ ಬಿದ್ದಮೇಲೆ ಬೇಂಪೂರು ಹನ್ನೆರಡು ಹಳ್ಳಿಗಳನ್ನು ಕಲ್ನಾಡಾಗಿ ಕೊಟ್ಟದ್ದು, ಆ ಹಳ್ಳಿಗಳ ಹೆಸರು, ಎಲ್ಲ ಅದರಲ್ಲಿದೆ. ಅದೇ ಮ್ಯೂಸಿಯಮ್ಮಿನಲ್ಲಿ ಆತಕೂರಿನ ಕಲ್ಲೂ ಇದೆ, 949ರ ಸುಮಾರಿನದು. ಹಂದಿಯ ಜೊತೆ ಕಾದಾಡಿ ಸತ್ತ ಕಾಳಿ ಅನ್ನುವ ನಾಯಿಗೆ ನಿಲ್ಲಿಸಿದ ಕಲ್ಲು. ಅದರ ಪೂಜೆಗೂ ಭೂಮಿ ಬಿಟ್ಟಿದ್ದಾರೆ. ಸತ್ತವನ ಮನೆಯವರಿಗೆ ಕೊಡುವ ಜಮೀನಿಗೆ ಕನ್ನಡದಲ್ಲಿ ನೆತ್ತರುಗೊಡಗೆ ಅನ್ನುತ್ತಿದ್ದರು, ತಮಿಳಿನಲ್ಲಿ ಉದಿರಪ್ಪಟ್ಟಿ. ಎರಡು ಭಾಷೆ, ಒಂದೇ ನೆತ್ತರು. ಸ್ವರ್ಗದಲ್ಲಿ ಯಾವ ಬೀದಿ, ಯಾವ ಎಲ್ಲೆ ಅಂತ ಕಲ್ಲು ಏನೂ ಹೇಳುವುದಿಲ್ಲ, ಹೋದ ಅಂತ ಒಂದು ಮಾತಿನಲ್ಲಿ ಮುಗಿಸುತ್ತದೆ. ಹೆಂಡತಿ ಮಕ್ಕಳಿಗೆ ಬಿಟ್ಟ ಗದ್ದೆಯ ವಿಷಯ ಬಂದರೆ ಮಾತ್ರ ಬಲು ಜೋಪಾನ.

2006ರ ಕಾಯ್ದೆ ಬಂದಮೇಲೆ ನಮ್ಮ ಕನ್ನಡ ಮಾಧ್ಯಮದ ಮಕ್ಕಳು ತಮಿಳನ್ನೂ ಓದಬೇಕಾಯಿತು. ಅದರ ಕಷ್ಟ ನಷ್ಟ ನಿಮಗೆಲ್ಲ ಗೊತ್ತು, ಇಲ್ಲಿ ಬೇಡ. ಇವರು ಎರಡು ಪದವನ್ನೂ ಬೋರ್ಡಿನ ಮೇಲೆ ಎರಡೂ ಲಿಪಿಯಲ್ಲಿ ಬರೆದಾಗ ನನಗೆ ಖುಷಿಯಾದದ್ದು ನಿಜ.

ಈಗ ಇದನ್ನೆಲ್ಲ ಬರೆಯಲು ಕಾರಣಕ್ಕೆ ಬರುತ್ತೇನೆ. ಹೊಸೂರಿನ ಸುತ್ತ ರಾಗಿ ಹೊಲಗಳು ಸೈಟುಗಳಾಗುತ್ತಿರುವುದು ನಿಮಗೆ ಹೇಳಬೇಕಾಗಿಲ್ಲ. ನಾವು ನೋಡಿ ಬಂದ ಕಲ್ಲು ಇದ್ದ ಹೊಲವೂ ಮಾರಾಟವಾಯಿತು. ಮಕ್ಕಳೇ ಬಂದು ಹೇಳಿದರು: ಜೇಸಿಬಿಯಲ್ಲಿ ಎತ್ತಿ ರಸ್ತೆ ಪಕ್ಕ ಹಾಕಿದ್ದಾರೆ, ಬೋರಲಾಗಿ ಬಿದ್ದಿದೆ. ನಾನು ಹೋಗಿ ಊರಿನ ಹಿರಿಯರನ್ನು ಕಂಡೆ. ಕೃಷ್ಣಗಿರಿಯ ಸರ್ಕಾರಿ ಮ್ಯೂಸಿಯಮ್ಮಿನಲ್ಲಿ ಇಂಥ ಕಲ್ಲುಗಳನ್ನು ಇಟ್ಟಿದ್ದಾರೆ, ಬರೆದು ಕೊಡೋಣವೇ ಅಂದೆ. ಅಜ್ಜ ಒಬ್ಬರು, "ಮೇಷ್ಟ್ರೇ, ಅಲ್ಲಿ ಇವನಿಗೆ ದೀಪ ಯಾರು ಇಡ್ತಾರೆ? ಯಾವೂರೋನು ಅಂತ ಯಾರಿಗೆ ಗೊತ್ತಾಗುತ್ತೆ?" ಅಂದರು. ಆ ಮಾತು ತೆಗೆದುಹಾಕುವಂಥದ್ದಲ್ಲ. ಕೆಳಗಿನ ಊರು ಯಾವುದು ಅಂತ ತಿಳಿಯದೆ ಹೋದರೆ ಮೇಲಿನ ಅಂತಸ್ತಿಗೆ ಏನು ಅರ್ಥ? ಆದರೂ ತಳಪಾಯದ ಕಲ್ಲಾಗಿ ಹೋಗುವುದಕ್ಕಿಂತ ಮ್ಯೂಸಿಯಮ್ಮೇ ವಾಸಿ ಅಂತ ನಾನು ಹೇಳಿದೆ, ಈಗಲೂ ಹೇಳುತ್ತೇನೆ. ಕೊನೆಗೆ ಊರವರು ಚಂದಾ ಎತ್ತಿ, ಅರಳಿಕಟ್ಟೆ ಪಕ್ಕದಲ್ಲಿ ನಿಲ್ಲಿಸಿ, ಸಿಮೆಂಟು ಹಾಕಿಸಿದರು. ಸುಣ್ಣ ಹೊಡೆಸಿ ಹೂವಿನ ಹಾರವನ್ನೂ ಹಾಕಿದ್ದಾರೆ.

ಹೋಗಿ ನೋಡಿದರೆ ಅಪ್ಸರೆಯರು ಕಾಣುತ್ತಾರೆ, ಲಿಂಗ ಕಾಣುತ್ತದೆ, ಸೂರ್ಯ ಚಂದ್ರ ಇದ್ದಾರೆ. ಕಲ್ಲು ಅಲ್ಲಾಡಬಾರದು ಅಂತ ಗಾರೆಯವನು ಕೆಳಗಿನ ಅಂತಸ್ತನ್ನು ಪೂರ್ತಿ ಕಾಂಕ್ರೀಟಿನಲ್ಲಿ ಹುಗಿದಿದ್ದಾನೆ. ದನಗಳು ಒಳಗೆ. ಕತ್ತಿ ಎತ್ತಿದ ಮನುಷ್ಯ ಒಳಗೆ. ಸಿಮೆಂಟಿನ ಅಂಚಿನಲ್ಲಿ ಒಂದು ಕೊಂಬಿನ ತುದಿ ಮಾತ್ರ ಉಳಿದಿದೆ. ಹೊಸದಾಗಿ ನೋಡುವವರಿಗೆ ಯಾರೋ ಒಬ್ಬನನ್ನು ಸುಮ್ಮನೆ ಸ್ವರ್ಗಕ್ಕೆ ಕರೆದುಕೊಂಡು ಹೋಗುತ್ತಿರುವ ಹಾಗೆ ಕಾಣುತ್ತದೆ.

ಗಾರೆಯವನನ್ನು ಕೇಳಿದೆ. ಮುಂದಿನ ಕಡೆ ಒಂದು ಅಡಿ ಒಡೆದು ತೆಗೆಯಬಹುದು ಸಾರ್, ಆದರೆ ಹಿಂದಕ್ಕೆ ಇನ್ನೊಂದು ಆಸರೆ ಕಲ್ಲು ಕೊಡಬೇಕು, ಉಳಿ ನಿಧಾನಕ್ಕೆ ಆಡಿಸಬೇಕು, ಇಲ್ಲಾಂದರೆ ದನದ ಮೂತಿ ಹೋಗುತ್ತೆ ಅಂದ. ಯುಗಾದಿ ಕಳೆದಮೇಲೆ ಬರುತ್ತೇನೆ ಅಂದಿದ್ದಾನೆ. ಅಲ್ಲಿಯವರೆಗೆ ಇರಲಿ ಅಂತ ಎಂಟನೇ ತರಗತಿಯವರು ಆ ದಿನ ನೋಟ್‌ಬುಕ್ಕಿನಲ್ಲಿ ಬರೆದುಕೊಂಡಿದ್ದ ಚಿತ್ರವನ್ನು ದೊಡ್ಡ ಚಾರ್ಟಿನಲ್ಲಿ ತೆಗೆದು, ಗೋಡೆಯ ಪ್ರಪಂಚ ನಕ್ಷೆಯ ಪಕ್ಕದಲ್ಲಿ ಅಂಟಿಸಿದ್ದಾರೆ. ಕೆಳಗಿನ ಅಂತಸ್ತಿನಲ್ಲಿ ಏಳು ದನ ಬರೆದಿದ್ದಾರೆ. ಕಲ್ಲಿನಲ್ಲಿ ಐದೇ ಇದ್ದದ್ದು ಅಂತ ಇಬ್ಬರು ಹುಡುಗಿಯರು ಇನ್ನೂ ಜಗಳವಾಡುತ್ತಿದ್ದಾರೆ.