ರಾತ್ರಿದೇವಿಯ ಕಣ್ಣುಗಳು

ಸೂರ್ಯನನ್ನು ಪೂಜಿಸಿದ ನಮ್ಮ ಪೂರ್ವಿಕರು ಕತ್ತಲೆಯನ್ನು ಕಡೆಗಣಿಸಲಿಲ್ಲ. ಋಗ್ವೇದದ ಹತ್ತನೆಯ ಮಂಡಲದ 127ನೆಯ ಸೂಕ್ತವು ರಾತ್ರಿದೇವಿಯ ಸ್ತುತಿ. ಆಕೆ ಹಲವು ಕಣ್ಣುಗಳಿಂದ ಜಗತ್ತನ್ನು ನೋಡುವ ಆಕಾಶಪುತ್ರಿ. ಆ ಕಣ್ಣುಗಳೇ ನಕ್ಷತ್ರಗಳು.

ಆ ಕಣ್ಣುಗಳ ಭಾಷೆಯನ್ನು ನಮ್ಮ ರೈತರು ಬಲ್ಲವರಾಗಿದ್ದರು. ರೋಹಿಣಿ, ಮೃಗಶಿರ, ಆರಿದ್ರಾ ಎಂದು ಮಳೆಗಳನ್ನು ಕರೆದರು. ಸೂರ್ಯನು ಒಂದೊಂದು ನಕ್ಷತ್ರದಲ್ಲಿ ಸುಮಾರು ಹದಿಮೂರೂವರೆ ದಿನ ಇರುತ್ತಾನೆ. ಜೂನ್ ಕೊನೆಯಲ್ಲಿ ಆರಿದ್ರಾ ಮಳೆ ಸುರಿಯುವಾಗ ಆ ನಕ್ಷತ್ರವು ಸೂರ್ಯನ ಪ್ರಭೆಯಲ್ಲಿ ಅಡಗಿರುತ್ತದೆ. ಅದು ಕಾಣುವುದು ಡಿಸೆಂಬರಿನ ಇರುಳಿನಲ್ಲಿ. ಕಾಣದ ನಕ್ಷತ್ರದ ಹೆಸರಿನಿಂದ ಮಳೆಯನ್ನು ಕರೆಯಬೇಕಾದರೆ, ವರ್ಷವಿಡೀ ಆಕಾಶವನ್ನು ನೋಡಿದವರಿಗಲ್ಲದೆ ಸಾಧ್ಯವೆ?

ಪಂಚಾಂಗದಲ್ಲಿ ಹೆಸರುಗಳು ಉಳಿದಿವೆ. ನೋಟ ಮಾತ್ರ ಅಳಿಯುತ್ತಿದೆ. ನಮ್ಮ ಮೆಲ್ಕಾರಿನ ಹೆದ್ದಾರಿಯ ದೀಪಗಳ ನಡುವೆ ಯಾರು ತಾನೆ ತಲೆಯೆತ್ತಿ ನೋಡುತ್ತಾರೆ? ಒಂದು ಚಳಿಗಾಲದ ಸಂಜೆ ನೆರೆಮನೆಯ ಮಕ್ಕಳನ್ನು ನೇತ್ರಾವತಿಯ ದಂಡೆಗೆ ಕರೆದೊಯ್ದು, ಪೂರ್ವದಲ್ಲಿ ಕೆಂಪಾಗಿ ಹೊಳೆಯುತ್ತಿದ್ದ ಆರಿದ್ರೆಯನ್ನು ತೋರಿಸಿದೆ. “ಮಳೆಯ ಹೆಸರು ಎಂದುಕೊಂಡಿದ್ದೆವು, ಇದು ನಕ್ಷತ್ರವೇ, ಮಾಸ್ಟ್ರೇ?” ಎಂದು ಒಬ್ಬ ಬೆರಗಾದ.

ದೀಪವು ಬೇಡವೆಂದಲ್ಲ, ಇರುಳಿನಲ್ಲಿ ನಡೆಯುವವನಿಗೆ ಅದು ಬೇಕೇ ಬೇಕು. ಆದರೆ ಅಗತ್ಯವಿಲ್ಲದ ದೀಪವನ್ನು ಆರಿಸಿ, ಅಂಗಳದಲ್ಲಿ ಕ್ಷಣಕಾಲ ನಿಂತು ಮೇಲೆ ನೋಡುವುದು ಯಾರಿಗೂ ಕಷ್ಟವಲ್ಲ. ರಾತ್ರಿದೇವಿಗೆ ನಾವು ಸಲ್ಲಿಸಬಹುದಾದ ಪೂಜೆ ಅಷ್ಟೇ.