ಬಾಡಿಗೆಯ ಬೊಂಬೆ

ಕ್ಯಾಮರಾವಿಲ್ಲದೆಯೂ ಚಲನಚಿತ್ರವುಂಟೆ? ಉಂಟು, ಮಹಾಶಯರೆ! 2003ರಲ್ಲಿ ಅಮೆರಿಕದ ಬರ್ನಿ ಬರ್ನ್ಸ್ ಎಂಬವರು ಗೆಳೆಯರೊಡಗೂಡಿ ‘ಹೇಲೋ’ ಎಂಬ ವಿಡಿಯೋ ಆಟದೊಳಗೇ ‘ರೆಡ್ ವರ್ಸಸ್ ಬ್ಲೂ’ ಚಿತ್ರಮಾಲೆಯನ್ನು ತೆಗೆಯತೊಡಗಿದರು. ಒಬ್ಬ ಆಟಗಾರನ ನೋಟವೇ ಕ್ಯಾಮರಾ, ಉಳಿದವರು ಸೂತ್ರಧಾರರು. ಮುಖ ಕಾಣದ ಯೋಧನು ತಲೆ ಕುಣಿಸಿದನೆಂದರೆ ಮಾತು ಅವನದು. ನಮ್ಮ ತೊಗಲುಬೊಂಬೆಯ ಪದ್ಧತಿಯೂ ಇದೇ ತಾನೆ? ಅಂತರವೊಂದುಂಟು: ಬೊಂಬೆಯಾಟದವನ ಬೊಂಬೆ ಅವನದೇ, ಇಲ್ಲಿ ಬೊಂಬೆಯೂ ರಂಗವೂ ಪರರ ಸೊತ್ತು. 2007ರಲ್ಲಿ ಮೈಕ್ರೋಸಾಫ್ಟ್ ಸಂಸ್ಥೆ ಪ್ರಕಟಿಸಿದ ನಿಯಮಗಳು ಇಂಥ ಚಿತ್ರಗಳನ್ನು ಒಪ್ಪಿದುವು. ಮಾರಿ ಹಣ ಗಳಿಸುವುದನ್ನು ಒಪ್ಪಲಿಲ್ಲ.

ಜಗಳೂರಿನ ನನ್ನ ಸೋದರಳಿಯನು ಇದನ್ನೇ ಜೀವನೋಪಾಯವಾಗಿಸಿಕೊಳ್ಳುವೆನೆಂದಾಗ ಅವನ ತಾಯಿ ಕಣ್ಣೀರಿಟ್ಟಳು. ನಾನು ತಡೆಯಲಿಲ್ಲ. “ಬೊಂಬೆ ಬಾಡಿಗೆಯದಾದರೂ ಚಿಂತೆಯಿಲ್ಲ, ಕಥೆಯೂ ಕಂಠವೂ ನಿನ್ನದಾಗಿರಲಿ” ಎಂದೆ. ಬೊಂಬೆಗೆ ಪ್ರಾಣ ಬರುವುದು ಅವುಗಳಿಂದಲೇ.